ಹತ್ತೊಂಬತ್ತು ಪಾಯಿಂಟ್ ಎರಡು

ಮಂಡ್ಯದಾಚೆ, ನಾಲೆಯ ಬಗಲಿಗೆ
ಬೇಲಿ ಸುತ್ತಿದ ಒಂದು ತುಂಡು ಹುಲ್ಲು.
ನಡುವೆ ನಾಲ್ಕು ಕಾಲಿನ ಬಿಳಿ ಪೆಟ್ಟಿಗೆ,
ಬಾಗಿಲು ಬಡಗಣಕ್ಕೆ,
ಬಿಸಿಲು ಇಣುಕದ ಹಾಗೆ.
ಹೊಸಬರು ಜೇನುಪೆಟ್ಟಿಗೆಯೆಂದು ದೂರ ನಿಲ್ಲುತ್ತಾರೆ.
ಒಳಗೆ ಜೇನಿಲ್ಲ. ನಾಲ್ಕು ಗಾಜಿನ ಕಡ್ಡಿ,
ಅದರಲ್ಲೊಂದರ ಬುಡಕ್ಕೆ ಒದ್ದೆ ಬಟ್ಟೆ,
ಜ್ವರದ ಹಣೆಗೆ ಹಾಕಿದಂತೆ.

ಮೂವತ್ತೊಂದು ವರ್ಷ, ಬೆಳಗಿನ ಎಂಟೂವರೆಗೆ
ನಾನು ತೆಗೆದ ಬಾಗಿಲು ಇದು.
"ಉಸಿರು ಬಿಗಿಹಿಡಿ" ಅಂದಿದ್ದರು ಶಿವನಂಜಯ್ಯ,
ನನಗೆ ಕೆಲಸ ಕಲಿಸಿದವರು,
"ನಿನ್ನ ಉಸಿರೂ ಹವಾಮಾನವೇ.
ದಶಾಂಶ ಓದು ಮೊದಲು, ಅಂಕಿ ಆಮೇಲೆ;
ಪಾದರಸ ನಿನಗಾಗಿ ಕಾಯುವುದಿಲ್ಲ.
ಮೇಲಿಂದ ನೋಡಿದರೆ ಹೆಚ್ಚು, ಕೆಳಗಿಂದ ನೋಡಿದರೆ ಕಡಿಮೆ,
ಸಮಸಮಕ್ಕೆ ನಿಲ್ಲಬೇಕಮ್ಮ."

ಮಳೆಯ ಲೆಕ್ಕ ಸುಲಭ ಅಂದುಕೊಂಡಿದ್ದೆ.
ಬಿತ್ತೋ, ಅಳತೆಪಾತ್ರೆಗೆ ಸುರಿ;
ಬೀಳಲಿಲ್ಲವೋ, ಸೊನ್ನೆ.
ಆದರೆ ಹನಿದೂ ಅಳತೆಗೆ ಸಿಗದ ದಿನಗಳಿದ್ದವು.
ಅದಕ್ಕೊಂದು ಬೇರೆ ಗುರುತು ವಹಿಯಲ್ಲಿ:
ಬಂದಿತ್ತು, ಹೇಳಿಕೊಳ್ಳುವಷ್ಟಲ್ಲ.
ಕೆಲವು ನೆಂಟರಿಗೂ ಆ ಗುರುತು ಹಾಕಬಹುದು.

ಆಮೇಲೆ ಮುನ್ಸೂಚನೆಯ ಕಾಲ ಬಂತು.
ಮಂಗಳವಾರ, ಶುಕ್ರವಾರ,
ಮುಂದಿನ ಐದು ದಿನದ ಮೋಡ, ಗಾಳಿ, ಮಳೆ.
ಆಲೆಮನೆಯ ಬೋರಲಿಂಗಣ್ಣನ ಫೋನು ತಪ್ಪುತ್ತಿರಲಿಲ್ಲ:
"ರಚ್ಚು ಹರವಿವ್ನಿ ಕನವ್ವ. ಬತ್ತದಾ ಇಲ್ವಾ, ಅಷ್ಟೇಳು."
ಶೇಕಡ ಅರವತ್ತು, ಅನ್ನುತ್ತಿದ್ದೆ.
"ಅರವತ್ತು ಯಾರ್ ಗದ್ದೆಗೆ, ನಲವತ್ತು ಯಾರ್ ಗದ್ದೆಗೆ?"
ಉತ್ತರ ಇಂದಿಗೂ ಗೊತ್ತಿಲ್ಲ.
ಒಮ್ಮೆ, ಇಲ್ಲ ಹೋಗಣ್ಣ, ಅಂದುಬಿಟ್ಟೆ.
ಹುಬ್ಬೆ ಮಳೆ ಆ ರಾತ್ರಿ
ಅವನ ಅಂಗಳದ ಮೇಲೇ ಕೂತು ಹೊಯ್ದಿತು.
ಎರಡು ದಿನ ಬಿಟ್ಟು ಒಂದು ಅಚ್ಚು ಬೆಲ್ಲ ಕಳಿಸಿದ:
"ನೆಂದ ರಚ್ಚಲ್ಲಿ ಬೆಂದದ್ದು, ರುಚಿ ನೋಡು."
ಹೊಗೆ ವಾಸನೆ. ಪೂರ್ತಿ ತಿಂದೆ.

ನಿವೃತ್ತಿಗೆ ತಿಂಗಳಿದ್ದಾಗ ಪುಣೆಯಿಂದ ಒಬ್ಬಳು ಹುಡುಗಿ,
ಮೇದಿನಿ ಅಂತ ಹೆಸರು.
ವಹಿಗಳನ್ನೆಲ್ಲ ಕಂಪ್ಯೂಟರಿಗೆ ಏರಿಸಿ
ಒಂದು ಗೆರೆ ತೋರಿಸಿದಳು:
"ಇಲ್ಲಿಯ ರಾತ್ರಿಗಳು ಬೆಚ್ಚಗಾಗುತ್ತಿವೆ, ಮೇಡಂ."
ನನಗೆ ಗೆರೆ ಬೇಕಿರಲಿಲ್ಲ.
ಜನವರಿಯಲ್ಲಿ ಸ್ವೆಟರು ಹಾಕಿಕೊಂಡು ಪೆಟ್ಟಿಗೆಯ ಬಳಿ ಬರುತ್ತಿದ್ದೆ;
ಅದು ಯಾವ ವರ್ಷದಿಂದ ಮೊಳೆಯಲ್ಲೇ ನೇತಾಡುತ್ತಿದೆ
ಎಂಬುದನ್ನು ಮಾತ್ರ ಎಲ್ಲೂ ಬರೆದಿಟ್ಟಿಲ್ಲ.
"ಈ ಅಂಕಿಗಳನ್ನ ಪೂರಾ ನಂಬಬಹುದಾ?"
ಕೇಳುವುದು ಅವಳ ಕೆಲಸ.

ತೊಂಬತ್ತೆಂಟನೆಯ ಇಸವಿ, ಆಗಸ್ಟ್ ಇಪ್ಪತ್ತೊಂದು.
ಮಘೆ ನಡೆಯುತ್ತಿತ್ತು. ಮಗಳಿಗೆ ಜ್ವರ.
ಜಿಲ್ಲಾಸ್ಪತ್ರೆಯ ಮಂಚದ ಪಕ್ಕ ನಾನು ಓದಿದ್ದು
ಬೇರೆ ಥರ್ಮಾಮೀಟರು: ನೂರಮೂರು.
ಅದಕ್ಕೆ ವಹಿಯಲ್ಲಿ ಕಲಂ ಇರಲಿಲ್ಲ.
ಮಾರನೆಯ ದಿನ ಬಂದು ನೋಡಿದರೆ
ಕನಿಷ್ಠ ತಾಪದ ಸಾಲಿನಲ್ಲಿ ಒಂದು ಖಾಲಿ ಮನೆ.
ಖಾಲಿ ಬಿಡಬೇಕಿತ್ತು, ನಿಯಮವೂ ಅದೇ.
ಮೊನ್ನೆ ಹತ್ತೊಂಬತ್ತು, ಇವತ್ತು ಹತ್ತೊಂಬತ್ತು ಪಾಯಿಂಟ್ ನಾಲ್ಕು.
ನಡುವೆ ಒಂದು ಹೊಲಿಗೆ ಹಾಕಿದೆ,
ಅಕ್ಷರವೂ ನಡುಗದ ಹಾಗೆ.

ಹೇಳಿಬಿಟ್ಟೆ. ಇಪ್ಪತ್ತಾರು ವರ್ಷ
ಗಂಡನಿಗೂ ಹೇಳದೇ ಇದ್ದದ್ದನ್ನು.
ಹುಡುಗಿ ನಕ್ಕಳು: "ಹನ್ನೊಂದು ಸಾವಿರ ರಾತ್ರಿಗಳಲ್ಲಿ ಒಂದು,
ಗೆರೆ ಕೂದಲೆಳೆಯಷ್ಟೂ ಅಲುಗಲ್ಲ."
ಅಂದವಳೇ, ಬಗ್ಗಿ,
ಆ ಅಂಕಿಯನ್ನು ಅಳಿಸಿಹಾಕಿದಳು.
ನನಗದು ಹಿಡಿಸಿತು.

ಈಗ ಆ ಹುಲ್ಲಿನ ಮೇಲೆ ಉಕ್ಕಿನ ಕಂಬ,
ಹದಿನೈದು ನಿಮಿಷಕ್ಕೊಮ್ಮೆ ತಾನೇ ಓದಿ ತಾನೇ ಕಳಿಸುತ್ತದೆ.
ಅದಕ್ಕೆ ಮಗಳಿಲ್ಲ.
ನನ್ನವಳಿರುವುದು ಚಾಮರಾಜನಗರದಲ್ಲಿ;
ಆ ಜ್ವರದ ನೆನಪೇ ಇಲ್ಲವಂತೆ.
"ಅಲ್ಲಿ ಮಳೆನಾ ಅಮ್ಮ?" ನಿನ್ನೆ ಕೇಳಿದಳು.
ಕಿಟಕಿಯಾಚೆ ಕೈಚಾಚಿ, ಅಂಗೈ ನೋಡಿಕೊಂಡು,
ಅಳತೆಗೆ ಸಿಗದಷ್ಟು, ಅಂದೆ.
"ಅಂದ್ರೆ ಬಂತೋ, ಇಲ್ವೋ?"
ಥೇಟು ಬೋರಲಿಂಗಣ್ಣ.